ಪೋಷಕ ಪಾತ್ರ

ಕನ್ನಡದಲ್ಲಿ ‘ಪೋಷಕ ನಟಿ’ ಎಂಬ ಮಾತು ಬಳಕೆಗೆ ಬಂದು ಬಹುಕಾಲವಾಯಿತು. ಚಿತ್ರದ ಭಿತ್ತಿಪತ್ರದಲ್ಲಿ ನಾಯಕ ನಾಯಕಿಯರ ಹೆಸರುಗಳು ದಪ್ಪಕ್ಷರದಲ್ಲಿ ಮುಗಿದ ಬಳಿಕ, ಕೆಳಗೆಲ್ಲೋ ಸಣ್ಣಕ್ಷರದಲ್ಲಿ ಬರುವ ತಾಯಿ, ಅತ್ತೆ, ನೆರೆಮನೆಯಾಕೆ, ದಾಸಿ, ವೇಶ್ಯೆ, ಮುದುಕಿ ಮೊದಲಾದ ಪಾತ್ರಗಳನ್ನು ಕಟ್ಟುವವರಿಗೆ ನಾವು ಕೊಟ್ಟಿರುವ ಹೆಸರು ಅದು. ಇಂಗ್ಲಿಷಿನವರು ಇಂಥವರನ್ನು ‘ಆಸರೆ ಕೊಡುವ ನಟಿ’ ಎಂಬರ್ಥ ಬರುವಂತೆ ಕರೆಯುತ್ತಾರೆ; ಅಲ್ಲಿರುವುದು ಮಾಡನ್ನು ಹೊತ್ತ ಕಂಬದ ಕಲ್ಪನೆ. ನಮ್ಮ ಮಾತಿನಲ್ಲಿರುವುದು ತಾಯ್ತನದ ಕಲ್ಪನೆ. ಪೋಷಿಸುವುದೆಂದರೆ ಪೊರೆಯುವುದು, ಉಣಿಸಿ ಬೆಳೆಸುವುದು. ತರಗತಿಯಲ್ಲಿ ಈ ಪದವನ್ನು ನಾನು ಎಷ್ಟೋ ಸಲ ಬಳಸಿದ್ದುಂಟು. ಆದರೆ ಅದರ ಅರ್ಥ ನನಗೆ ಸರಿಯಾಗಿ ಹೊಳೆದದ್ದು ನಿವೃತ್ತನಾದ ಮೇಲೆ, ನನಗೆ ತಿಳಿಯದ ಭಾಷೆಯೊಂದರ ನಟಿಯ ಬದುಕನ್ನು ಅರಿಯಹೊರಟಾಗ.

ಆಕೆಯ ಹೆಸರು ಡೋರಾ ವಾನ್ ಡರ್ ಗ್ರೂನ್. ಬೆಲ್ಜಿಯಂ ದೇಶದ ಆಂಟ್‌ವರ್ಪ್ ನಗರಕ್ಕೆ ಹೊಂದಿಕೊಂಡ ಮೆರ್ಕ್ಸೆಮ್ ಎಂಬಲ್ಲಿ ೧೯೨೭ರ ಮಾರ್ಚ್ ೧೦ರಂದು ಹುಟ್ಟಿ, ೨೦೧೫ರ ನವೆಂಬರ್ ೮ರಂದು, ಎಂಬತ್ತೆಂಟನೆಯ ವಯಸ್ಸಿನಲ್ಲಿ ತೀರಿಕೊಂಡ ಫ್ಲೆಮಿಷ್ ಕಲಾವಿದೆ. ಜಗತ್ತಿನ ತಾರೆಯರ ಪಟ್ಟಿಯಲ್ಲಿ ಈ ಹೆಸರನ್ನು ಹುಡುಕಿದರೆ ಸಿಗಲಾರದು. ಆಕೆಯ ನಾಡಿನವರಿಗೆ ಮಾತ್ರ ಅದು ಮನೆಮಾತು. ಈ ಅಂತರ ಏಕೆ ಉಂಟಾಯಿತೆಂಬುದನ್ನು ತಿಳಿಯಬೇಕಾದರೆ ನಟಿಯನ್ನು ಒಂದು ಗಳಿಗೆ ಬದಿಗಿಟ್ಟು, ಆಕೆ ಆಡಿದ ಭಾಷೆಯ ಕತೆಯನ್ನು ಕೇಳಬೇಕು.

ಬೆಲ್ಜಿಯಂ ಸ್ವತಂತ್ರ ರಾಷ್ಟ್ರವಾದದ್ದು ೧೮೩೦ರಲ್ಲಿ. ದೇಶದ ಉತ್ತರಭಾಗವಾದ ಫ್ಲ್ಯಾಂಡರ್ಸಿನ ಜನ ಆಡುತ್ತಿದ್ದುದು ಡಚ್ ಭಾಷೆಯ ಬಗೆಬಗೆಯ ಪ್ರಾದೇಶಿಕ ರೂಪಗಳನ್ನು, ದಕ್ಷಿಣದವರದು ಫ್ರೆಂಚ್. ಸಂಖ್ಯೆಯಲ್ಲಿ ಫ್ಲೆಮಿಷರೇ ಹೆಚ್ಚು. ಆದರೆ ಅರಮನೆ, ಸೈನ್ಯ, ನ್ಯಾಯಾಲಯ, ವಿಶ್ವವಿದ್ಯಾಲಯ ಎಲ್ಲೆಡೆಯೂ ನಡೆಯುತ್ತಿದ್ದುದು ಫ್ರೆಂಚಿನ ಆಳಿಕೆ. ಉತ್ತರದಲ್ಲಿಯೂ ಮೇಲುವರ್ಗದವರು ಮನೆಯಲ್ಲಿ ಫ್ರೆಂಚನ್ನೇ ಆಡಿ, ಅಡುಗೆಯವಳೊಡನೆ ಮಾತ್ರ ಫ್ಲೆಮಿಷ್ ಆಡುತ್ತಿದ್ದರು. ಕಾನೂನಿನ ಭಾಷೆಯಾಗಿ ಡಚ್ಚಿಗೆ ಫ್ರೆಂಚಿನ ಸಮಾನ ಸ್ಥಾನ ದೊರೆತದ್ದು ೧೮೯೮ರಲ್ಲಿ. ಗೆಂಟ್ ವಿಶ್ವವಿದ್ಯಾಲಯದಲ್ಲಿ ಬೋಧನೆಯೆಲ್ಲ ಡಚ್ಚಿನಲ್ಲಿ ನಡೆಯಲು ೧೯೩೦ರವರೆಗೆ ಕಾಯಬೇಕಾಯಿತು. ಅಂದರೆ ಡೋರಾ ಮೂರು ವರ್ಷದ ಮಗುವಾಗಿದ್ದಾಗ, ಆಕೆಯ ತಾಯಿನುಡಿಗೆ ಮೊದಲ ಬಾರಿಗೆ ಪೂರ್ಣಪ್ರಮಾಣದ ಒಂದು ವಿಶ್ವವಿದ್ಯಾಲಯ ದೊರೆಯಿತು. ಭಾಷೆಯ ಸ್ಥಾನಮಾನಕ್ಕಾಗಿ ಸಭೆ ಸೇರಿ, ಠರಾವು ಮಾಡಿ, ಬೀದಿಗಿಳಿದ ನಾಡಿನವರಾದ ನಮಗೆ ಇದರ ನೋವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇಂಥ ಭಾಷೆಗೆ ರಂಗಭೂಮಿ ಆಸರೆಯಾಯಿತು. ಆಂಟ್‌ವರ್ಪಿನಲ್ಲಿ ೧೮೫೩ರಷ್ಟು ಹಿಂದೆಯೇ ಡಚ್ ಭಾಷೆಯ ವೃತ್ತಿನಾಟಕ ಸಂಸ್ಥೆಯೊಂದು ನೆಲೆಗೊಂಡಿತ್ತು. ಸಿನಿಮಾದ ಪಾಡು ಬೇರೆ. ಮೂಕಿಚಿತ್ರಗಳ ಕಾಲದಲ್ಲಿ ಭಾಷೆಯ ತೊಡಕಿರಲಿಲ್ಲ; ನಡುನಡುವೆ ಬರುವ ಬರಹವನ್ನು ಎರಡೂ ಭಾಷೆಗಳಲ್ಲಿ ಅಚ್ಚಿಸಿದರೆ ಸಾಕಾಗುತ್ತಿತ್ತು. ಚಿತ್ರಕ್ಕೆ ಮಾತು ಬಂದ ಕೂಡಲೇ ಪ್ರಶ್ನೆಯೂ ಬಂತು. ೧೯೫೦ರಲ್ಲಿ ಬೆಲ್ಜಿಯಂನ ಒಟ್ಟು ಜನಸಂಖ್ಯೆ ಸುಮಾರು ೮೬ ಲಕ್ಷ. ಅದರಲ್ಲಿ ಅರ್ಧಕ್ಕೆ ತುಸು ಹೆಚ್ಚು ಮಂದಿ ಫ್ಲೆಮಿಷರು. ಅಷ್ಟು ಜನರ ಟಿಕೆಟ್ಟಿನ ಹಣದಿಂದ ಒಂದು ಚಿತ್ರೋದ್ಯಮ ಬದುಕಬಹುದೇ? ಹಾಲಿವುಡ್ಡಿನಿಂದಲೂ ಪ್ಯಾರಿಸಿನಿಂದಲೂ ಚಿತ್ರಗಳು ಹೇರಳವಾಗಿ ಬಂದು ಬೀಳುತ್ತಿದ್ದವು. ಅವುಗಳಿಗೆ ಡಚ್ ಧ್ವನಿ ಕೂಡಿಸುವ ಪದ್ಧತಿ ಅಲ್ಲಿ ಬೆಳೆಯಲಿಲ್ಲ. ತೆರೆಯ ಕೆಳಗೆ ಎರಡು ಭಾಷೆಗಳಲ್ಲಿ ಅಡಿಬರಹ ಕೊಡುತ್ತಿದ್ದರು. ಹೀಗಾಗಿ ಫ್ಲೆಮಿಷ್ ಪ್ರೇಕ್ಷಕನು ಚಿತ್ರಮಂದಿರದಲ್ಲಿ ತನ್ನ ಭಾಷೆಯನ್ನು ಕಣ್ಣಿನಿಂದ ಓದುತ್ತಿದ್ದನೇ ಹೊರತು ಕಿವಿಯಿಂದ ಕೇಳುತ್ತಿದ್ದುದು ಅಪರೂಪ.

ಆ ಅಪರೂಪದ ಅನುಭವವನ್ನು ಮೊದಲು ದೊಡ್ಡದಾಗಿ ಒದಗಿಸಿದ ಚಿತ್ರ ೧೯೩೪ರ ‘ಡೆ ವಿಟೆ’. ಬಿಳಿಗೂದಲಿನ ತುಂಟ ಹಳ್ಳಿಹುಡುಗನೊಬ್ಬನನ್ನು ಕುರಿತು ಎರ್ನೆಸ್ಟ್ ಕ್ಲಾಸ್ ಬರೆದ ಜನಪ್ರಿಯ ಕಾದಂಬರಿಯನ್ನು ಯಾನ್ ವಾಂಡರ್‌ಹೇಡನ್ ತೆರೆಗೆ ತಂದರು. ಅವರ ಸಂಗಾತಿ ಎಡಿತ್ ಕೀಲ್ ಜರ್ಮನ್ ಮಹಿಳೆ; ನಿರ್ದೇಶನದಲ್ಲಿ ಆಕೆಯ ಕೈ ದೊಡ್ಡದಿತ್ತೆಂಬುದು ಚಿತ್ರಚರಿತ್ರಕಾರರ ಅಭಿಪ್ರಾಯ. ಫ್ಲ್ಯಾಂಡರ್ಸಿನಲ್ಲಿ ಸಜ್ಜಾದ ಸ್ಟುಡಿಯೋ ಇಲ್ಲದ್ದರಿಂದ ಒಳಾಂಗಣದ ದೃಶ್ಯಗಳನ್ನು ಬರ್ಲಿನ್ನಿಗೆ ಹೋಗಿ ತೆಗೆಯಬೇಕಾಯಿತು. ಜನ ತಮ್ಮ ಮಾತನ್ನು ತೆರೆಯ ಮೇಲೆ ಕೇಳಿ ಹಿಗ್ಗಿದರು. ಆ ಹಿಗ್ಗಿನ ಬಂಡವಾಳದ ಮೇಲೆ ಅದೇ ಜೋಡಿ ಹಲವು ಹಾಸ್ಯಚಿತ್ರಗಳನ್ನು ತೆಗೆಯಿತು. ಅಷ್ಟರಲ್ಲಿ ಯುದ್ಧ ಬಂತು. ಜರ್ಮನರು ದೇಶವನ್ನು ಆಕ್ರಮಿಸಿದರು. ಆಕ್ರಮಿಸಿದವರೊಡನೆ ಕೈಜೋಡಿಸಿದರೆಂಬ ಆರೋಪದ ಮೇಲೆ ವಾಂಡರ್‌ಹೇಡನ್ ಯುದ್ಧಾನಂತರ ಶಿಕ್ಷೆಗೆ ಗುರಿಯಾದರು. ಐವತ್ತರ ದಶಕದಲ್ಲಿ ಕೀಲ್ ಮತ್ತೆ ಚಿತ್ರ ತೆಗೆಯಲಾರಂಭಿಸಿದರು. ಕಡಮೆ ಖರ್ಚಿನ, ಅವಸರದಲ್ಲಿ ತೆಗೆದ, ಆಂಟ್‌ವರ್ಪಿನ ಬೀದಿಮಾತಿನಲ್ಲಿ ಪಾತ್ರಗಳು ಜಗಳವಾಡಿ ನಗಿಸುವ ಚಿತ್ರಗಳವು. ವಿದ್ವಾಂಸರು ಮೂಗು ಮುರಿದರು. ಜನ ಸಾಲುಗಟ್ಟಿ ನೋಡಿದರು.

ಡೋರಾ ನಟನೆಗೆ ಕಾಲಿಟ್ಟದ್ದು ಇಂಥ ಸಂದರ್ಭದಲ್ಲಿ. ೧೯೪೬ರಲ್ಲಿ, ಯುದ್ಧದ ಗಾಯ ಇನ್ನೂ ಹಸಿಯಾಗಿದ್ದಾಗ, ಹಿರಿಯ ಸಾಹಿತಿ ಹರ್ಮನ್ ಟೇರ್ಲಿಂಕ್ ಆಂಟ್‌ವರ್ಪಿನಲ್ಲಿ ನಟನಾಶಾಲೆಯೊಂದನ್ನು ತೆರೆದರು. ಟೇರ್ಲಿಂಕ್ ಕಾದಂಬರಿಕಾರರು, ನಾಟಕಕಾರರು. ಆಗಲೇ ಅರವತ್ತೇಳರ ಆಸುಪಾಸಿನವರು. ವಿಶ್ರಾಂತಿ ಬಯಸುವ ವಯಸ್ಸಿನಲ್ಲಿ ಅವರು ಶಾಲೆ ಕಟ್ಟಿದರು. ಸಂಭಾಷಣೆಯನ್ನು ಉರುಹಚ್ಚಿ ಒಪ್ಪಿಸುವುದಷ್ಟೇ ನಟನೆಯಾಗಬಾರದು, ನಟನ ಮೈ, ಉಸಿರು, ಚಲನೆಗಳೆಲ್ಲ ಮಾತಿನೊಡನೆ ಒಂದಾಗಬೇಕೆಂಬುದು ಅವರ ನಿಲುವು. ಆ ಶಾಲೆಯಲ್ಲಿ ಕಲಿತ ಮೊದಲ ತಲೆಮಾರಿನವರಲ್ಲಿ ಡೋರಾ ಒಬ್ಬರು. ಮುಂದೆ ಆ ಶಾಲೆಗೆ ಟೇರ್ಲಿಂಕ್ ಅವರ ಹೆಸರನ್ನೇ ಇಟ್ಟರು.

ಅಲ್ಲಿ ಕಲಿತ ನಟರ ಮುಂದೆ ಒಂದು ಇಕ್ಕಟ್ಟು ಇತ್ತು. ರಂಗದ ಮೇಲೆ, ಆಕಾಶವಾಣಿಯಲ್ಲಿ ಆಡಬೇಕಾದದ್ದು ತಿದ್ದಿ ತೀಡಿದ ಶಿಷ್ಟ ಡಚ್. ಅದು ಬಹುಮಟ್ಟಿಗೆ ನೆರೆದೇಶವಾದ ಹಾಲೆಂಡಿನ ಮಾದರಿಯದು. ಮನೆಯಲ್ಲಿ, ಸಂತೆಯಲ್ಲಿ ಆಡುತ್ತಿದ್ದುದು ಆಂಟ್‌ವರ್ಪಿನ ಹಸಿಮಾತು. ಶಿಷ್ಟವಾಗಿ ಆಡಿದರೆ ತೆರೆಯ ಮೇಲಿನ ಕೂಲಿಕಾರ ಉಪಾಧ್ಯಾಯನಂತೆ ಕೇಳುತ್ತಾನೆ. ಆಡುಮಾತಿನಲ್ಲಿ ಆಡಿದರೆ ಗಂಭೀರವಾದದ್ದೂ ನಗೆಪಾಟಲಾಗುತ್ತದೆ. ಗ್ರಂಥಭಾಷೆ ಆಡುಭಾಷೆಗಳ ನಡುವೆ ನಮ್ಮ ನಾಟಕಕಾರರು ಪಟ್ಟ ಪಾಡನ್ನು ಬಲ್ಲವರಿಗೆ ಇದು ಅಪರಿಚಿತವಲ್ಲ. ಈ ಇಕ್ಕಟ್ಟಿನಲ್ಲಿ ನಾಯಕ ನಾಯಕಿಯರಿಗಿಂತ ಹೆಚ್ಚು ಸಿಕ್ಕಿಬೀಳುವವರು ಪೋಷಕ ನಟರು. ನಾಯಕಿಗೆ ರೂಪದ ನೆರವಿರುತ್ತದೆ, ಕಥೆಯ ನೆರವಿರುತ್ತದೆ. ಐದು ನಿಮಿಷ ಬಂದು ಹೋಗುವ ಪಾತ್ರಕ್ಕೆ ಇರುವುದು ತನ್ನ ಮಾತಿನ ಬನಿಯೊಂದೇ.

೧೯೫೫ರಲ್ಲಿ ಮೂವರು ತರುಣರು, ರೋಲಾಂಡ್ ವರ್ಹಾವರ್ಟ್, ಇವೊ ಮಿಖೀಲ್ಸ್ ಮತ್ತು ರಿಕ್ ಕೌಪರ್ಸ್, ಸೇರಿ ಒಂದು ಚಿತ್ರ ತೆಗೆದರು. ಮಿಖೀಲ್ಸ್ ಮುಂದೆ ಕಾದಂಬರಿಕಾರರೆಂದು ಹೆಸರಾದವರು. ಚಿತ್ರದ ಹೆಸರನ್ನು ಕನ್ನಡದಲ್ಲಿ ‘ಬಂದರಿನಲ್ಲಿ ಸಾಯುವ ಕಡಲಹಕ್ಕಿಗಳು’ ಎನ್ನಬಹುದು. ಕೊಲೆಮಾಡಿ ತಲೆಮರೆಸಿಕೊಂಡ ಒಬ್ಬ ಮನುಷ್ಯ ಹಡಗೇರಿ ದೇಶ ಬಿಡಬೇಕೆಂದು ಆಂಟ್‌ವರ್ಪಿನ ಬಂದರಿನಲ್ಲಿ ಅಲೆಯುತ್ತಾನೆ. ಎತ್ತುಯಂತ್ರಗಳು, ಒದ್ದೆ ಕಲ್ಲುಹಾಸು, ಖಾಲಿ ಮಳಿಗೆಗಳು, ಹಿನ್ನೆಲೆಯಲ್ಲಿ ಜಾಕ್ ಸೆಲ್ಸ್ ಅವರ ಜಾಝ್ ಸಂಗೀತ. ಆ ನಗರವನ್ನು ಯಾರೂ ಹಾಗೆ ನೋಡಿರಲಿಲ್ಲ. ಆರ್ಸನ್ ವೆಲ್ಸ್, ಕೆರಲ್ ರೀಡ್ ಮೊದಲಾದವರ ಪ್ರಭಾವ ಅದರಲ್ಲಿ ಎದ್ದು ಕಾಣುತ್ತದೆಂದು ವಿಮರ್ಶಕರು ಹೇಳಿದ್ದುಂಟು. ಅದು ನಿಜ. ಆದರೆ ನಗಿಸುವುದಕ್ಕೆ ಮಾತ್ರ ತಕ್ಕದ್ದೆಂದು ಭಾವಿಸಿದ್ದ ಫ್ಲೆಮಿಷ್ ಚಿತ್ರಕ್ಕೆ ಗಂಭೀರವಾಗಿ ತಲೆಯೆತ್ತುವ ಧೈರ್ಯ ಬಂದದ್ದು ಇದರಿಂದ. ಅಲೆಮಾರಿಯ ಪಾತ್ರ ಜೂಲಿಯನ್ ಸ್ಕೂನಾರ್ಟ್ಸ್ ಅವರದು. ಅವನ ದಾರಿಯಲ್ಲಿ ಎದುರಾಗುವ ಬಂದರಿನ ವೇಶ್ಯೆಯ ಪಾತ್ರ ಡೋರಾ ಅವರದು. ಆಗ ಆಕೆಗೆ ಇಪ್ಪತ್ತೆಂಟು ವರ್ಷ.

ಈ ಚಿತ್ರ ೧೯೫೬ರ ಕಾನ್ ಚಿತ್ರೋತ್ಸವದ ಸ್ಪರ್ಧೆಗೆ ಹೋಯಿತು. ಅದೇ ವರ್ಷ, ಅದೇ ಸ್ಪರ್ಧೆಯಲ್ಲಿ, ನಮ್ಮ ದೇಶದಿಂದ ಹೋಗಿದ್ದ ಬಂಗಾಳಿ ಚಿತ್ರ ಸತ್ಯಜಿತ್ ರಾಯರ ‘ಪಥೇರ್ ಪಾಂಚಾಲಿ’. ಅದಕ್ಕೆ ಅತ್ಯುತ್ತಮ ಮಾನವ ದಾಖಲೆಯೆಂಬ ಪ್ರಶಸ್ತಿ ಬಂದದ್ದನ್ನು ನಾವೆಲ್ಲ ಬಲ್ಲೆವು. ಫ್ಲೆಮಿಷ್ ಚಿತ್ರ ಬರಿಗೈಯಲ್ಲಿ ಮರಳಿತು. ರಾಯರ ಚಿತ್ರದಲ್ಲಿ ಎಲ್ಲರ ಮನಸ್ಸಿನಲ್ಲಿ ಉಳಿಯುವ ಮುದುಕಿ ಇಂದಿರ್ ಠಾಕ್ರುಣ್. ಆ ಪಾತ್ರ ವಹಿಸಿದ ಚುನಿಬಾಲಾ ದೇವಿ ಒಂದಾನೊಂದು ಕಾಲದಲ್ಲಿ ರಂಗದ ಮೇಲೆ ಆಡಿ, ಬಳಿಕ ಲೋಕ ಮರೆತಿದ್ದ ವೃದ್ಧೆ. ಚಿತ್ರ ಬಿಡುಗಡೆಯಾಗುವ ಮೊದಲೇ, ೧೯೫೫ರಲ್ಲಿ, ಆಕೆ ತೀರಿಕೊಂಡರು. ಒಬ್ಬಾಕೆಗೆ ತನ್ನ ಮಹತ್ವದ ಪಾತ್ರ ಬದುಕಿನ ಕಟ್ಟಕಡೆಯಲ್ಲಿ ಸಿಕ್ಕಿತು, ಕೀರ್ತಿ ಸಾವಿನ ಆಚೆಗೆ ಬಂತು. ಇನ್ನೊಬ್ಬಾಕೆಗೆ ಯೌವನದಲ್ಲಿಯೇ ಒಂದು ಒಳ್ಳೆಯ ಆರಂಭ ಸಿಕ್ಕಿತು. ಮಹತ್ವದ ಪಾತ್ರಕ್ಕಾಗಿ ಕಾಯುವುದು ಆಗ ಮೊದಲಾಯಿತು.

ಕಾಯುವಿಕೆ ಎಂದೆನಾದರೂ ಡೋರಾ ಕೈಕಟ್ಟಿ ಕುಳಿತವರಲ್ಲ. ಬೆಲ್ಜಿಯಂನಲ್ಲಿ ೧೯೫೩ರ ಅಕ್ಟೋಬರ್ ೩೧ರಂದು ದೂರದರ್ಶನದ ಪ್ರಸಾರ ಆರಂಭವಾಗಿತ್ತು. ಒಂದು ಸಂಸ್ಥೆ, ಎರಡು ಭಾಷೆ: ಫ್ಲೆಮಿಷರಿಗೆ ಡಚ್ ಕಾರ್ಯಕ್ರಮಗಳು ಮನೆಯೊಳಗೇ ಬಂದವು. ಸಿನಿಮಾ ಕೊಡಲಾರದ ಕೆಲಸವನ್ನು ದೂರದರ್ಶನದ ನಾಟಕಗಳು ರಂಗನಟರಿಗೆ ಕೊಟ್ಟವು. ಅರವತ್ತರ ದಶಕದ ನಡುವಿನಿಂದ ಡಚ್ ಭಾಷೆಯ ಚಿತ್ರಗಳಿಗೆ ಸರ್ಕಾರದ ಧನಸಹಾಯವೂ ದೊರೆಯತೊಡಗಿತು. ಇನ್ನು ನಮ್ಮ ನಟಿಯರಿಗೆ ಒಳ್ಳೆಯ ದಿನ ಬಂತೆಂದು ಯಾರಾದರೂ ಭಾವಿಸಿದ್ದರೆ ಅವರಿಗೆ ಅರ್ಧ ನಿರಾಸೆಯೇ ಕಾದಿತ್ತು. ಆಂದ್ರೆ ಡೆಲ್ವೋ ಅವರು ೧೯೬೫ರಲ್ಲಿ ಯೋಹಾನ್ ಡೇಸ್ನೆಯವರ ಕಾದಂಬರಿಯನ್ನು ಆಧರಿಸಿ ತೆಗೆದ ‘ತಲೆಗೂದಲನ್ನು ಮೋಟಾಗಿ ಕತ್ತರಿಸಿಕೊಂಡ ಮನುಷ್ಯ’ ಫ್ಲೆಮಿಷ್ ಚಿತ್ರಕಲೆಯ ಒಂದು ಶಿಖರ. ಅದರ ನಾಯಕಿ ಪೋಲೆಂಡಿನ ಬೆಯಾಟಾ ಟಿಷ್ಕೆವಿಚ್. ೧೯೬೮ರಲ್ಲಿ ಹ್ಯಾರಿ ಕ್ಯುಮೆಲ್ ‘ಮಸ್ಯೋ ಹಾವಾರ್ಡನ್’ ಚಿತ್ರ ತೆಗೆದರು. ಗಂಡಸಿನ ವೇಷದಲ್ಲಿ ಬಾಳು ಸವೆಸುವ ಹೆಣ್ಣೊಬ್ಬಳ ಕತೆ ಅದು. ಅದರ ನಾಯಕಿ ಹಾಲೆಂಡಿನ ಎಲೆನ್ ವೋಗಲ್. ಡೋರಾ ಅದರಲ್ಲಿಯೂ ಇದ್ದಾರೆ, ಪೋಷಕ ಪಾತ್ರದಲ್ಲಿ. ನಿರ್ದೇಶಕರನ್ನು ದೂರಬೇಕಾಗಿಲ್ಲ, ಚಿಕ್ಕ ಭಾಷೆಯ ಚಿತ್ರವೊಂದು ಗಡಿದಾಟಬೇಕಾದರೆ ಗಡಿಯಾಚೆ ಪರಿಚಯವಿರುವ ಮುಖ ಬೇಕು. ಆದರೆ ಆ ಮಾತು ಹೇಳಿ ಸಮಾಧಾನಪಟ್ಟುಕೊಳ್ಳುವಾಗ, ತನ್ನ ಭಾಷೆಯ ಚಿತ್ರದಲ್ಲಿ ಪಕ್ಕಕ್ಕೆ ಸರಿದು ನಿಂತ ನಟಿಯನ್ನು ನೆನೆಯದೆ ಇರಲಾಗದು.

ಡಚ್ ಭಾಷೆಯ ನಂಟಿನಿಂದ ಹಾಲೆಂಡಿನ ಚಿತ್ರರಂಗವೂ ಆಕೆಯನ್ನು ಕರೆಯಿತು. ಸಾಕ್ಷ್ಯಚಿತ್ರಗಳಿಂದ ಲೋಕವಿಖ್ಯಾತರಾದ ಬರ್ಟ್ ಹಾನ್‌ಸ್ಟ್ರಾ ೧೯೭೫ರಲ್ಲಿ ತೆಗೆದ ‘ಡಾಕ್ಟರ್ ಪುಲ್ಡರ್ ಗಸಗಸೆ ಬಿತ್ತುತ್ತಾರೆ’ ಎಂಬ ಕಥಾಚಿತ್ರದಲ್ಲಿ ಆಕೆ ಅಭಿನಯಿಸಿದರು. ಇತ್ತ ಆಂಟ್‌ವರ್ಪಿನಲ್ಲಿ ರಂಗಪ್ರಯೋಗಗಳನ್ನು ನಿರ್ದೇಶಿಸಿದರು. ಎಲ್ಲಕ್ಕೂ ಮಿಗಿಲಾಗಿ ಪಾಠ ಹೇಳಿದರು. ಆಂಟ್‌ವರ್ಪಿನ ರಾಜಮಾನ್ಯ ಸಂಗೀತಶಾಲೆಯ ನಾಟಕ ವಿಭಾಗದಲ್ಲಿ ವರ್ಷಗಟ್ಟಲೆ ಆಕೆ ರೂಪಿಸಿದ ಶಿಷ್ಯರು ಮುಂದೆ ಫ್ಲ್ಯಾಂಡರ್ಸಿನ ರಂಗಭೂಮಿಯನ್ನೂ ಚಿತ್ರರಂಗವನ್ನೂ ತುಂಬಿದರು. ಮೂವತ್ತು ವರ್ಷಕ್ಕೂ ಮಿಕ್ಕಿ ಪಾಠ ಹೇಳಿದ ನನಗೆ ಈ ಭಾಗ ತುಸು ಹತ್ತಿರದ್ದಾಗಿ ಕಾಣುತ್ತದೆ. ಅಧ್ಯಾಪಕನ ಕೆಲಸವೂ ಒಂದು ಪೋಷಕ ಪಾತ್ರವೇ. ಶಿಷ್ಯನ ಹೆಸರು ಮುಂದೆ ಬರಬೇಕು, ತನ್ನದು ಹಿಂದೆ ಸರಿಯಬೇಕು. ಹಾಗಾಗದಿದ್ದರೆ ಪಾಠದಲ್ಲಿ ಏನೋ ಕೊರತೆಯಾಗಿದೆಯೆಂದು ತಿಳಿಯಬೇಕು.

ಇಷ್ಟೇ ಆಗಿದ್ದರೆ ಈಕೆಯದು ಗೌರವಯುತವಾದ, ಆದರೆ ಸಾಧಾರಣವೆನ್ನಬಹುದಾದ ಕತೆಯಾಗುತ್ತಿತ್ತು. ೨೦೦೧ರಲ್ಲಿ ಲೀವನ್ ಡೆಬ್ರಾವರ್ ಎಂಬ ಮೂವತ್ತೆರಡರ ತರುಣ ತನ್ನ ಮೊದಲ ಪೂರ್ಣಪ್ರಮಾಣದ ಕಥಾಚಿತ್ರವನ್ನು ತಂದರು: ‘ಪಾಲೀನ್ ಮತ್ತು ಪೌಲೆಟ್’. ಗೆಂಟ್ ನಗರದ ಬಳಿಯ, ಹೂದೋಟಗಳಿಗೆ ಹೆಸರಾದ ಲೋಕ್ರಿಸ್ಟಿ ಎಂಬ ಚಿಕ್ಕ ಊರು. ಅರವತ್ತಾರು ವರ್ಷದ ಪಾಲೀನ್‌ಳ ಬುದ್ಧಿ ಮಗುವಿನಷ್ಟೇ ಬೆಳೆದು ನಿಂತಿದೆ. ಆಕೆಗೆ ಓದುಬರಹ ಬಾರದು. ಪಾದರಕ್ಷೆಯ ದಾರ ಕಟ್ಟಿಕೊಳ್ಳಲಾಗದು. ಬ್ರೆಡ್ಡಿಗೆ ಬೆಣ್ಣೆ ಸವರಿ ಕೊಡಬೇಕು. ಹೂವೆಂದರೆ ಪ್ರಾಣ. ಸಾಕುತ್ತಿದ್ದ ಅಕ್ಕ ಮಾರ್ತಾ ಒಂದು ದಿನ ಇದ್ದಕ್ಕಿದ್ದಂತೆ ಸಾಯುತ್ತಾಳೆ. ಉಳಿದ ಇಬ್ಬರು ಸೋದರಿಯರಲ್ಲಿ ಒಬ್ಬರಾದರೂ ಪಾಲೀನ್‌ಳನ್ನು ತಮ್ಮ ಬಳಿ ಇಟ್ಟುಕೊಂಡರೆ ಮಾತ್ರ ಆಸ್ತಿ ಪಾಲಾಗತಕ್ಕದ್ದೆಂದು ಅವಳ ಮರಣಶಾಸನ. ಅಂಗಡಿ ನಡೆಸುತ್ತ, ಹವ್ಯಾಸಕ್ಕೆ ಗೀತನಾಟಕಗಳಲ್ಲಿ ಹಾಡುತ್ತ ಇರುವ ಪೌಲೆಟ್‌ಗೆ ಈ ಹೊರೆ ಬೇಡ. ಬ್ರಸಲ್ಸಿನಲ್ಲಿರುವ ಸೆಸಿಲ್‌ಗೂ ಬೇಡ.

ಪಾಲೀನ್ ಆಗಿ ಎಪ್ಪತ್ತು ದಾಟಿದ ಡೋರಾ. ಪೌಲೆಟ್ ಆಗಿ ಆನ್ ಪೀಟರ್ಸನ್. ಆಕೆಯೂ ೧೯೨೭ರಲ್ಲಿ ಹುಟ್ಟಿದವರು. ಐವತ್ತರ ದಶಕದಿಂದ ರಂಗ, ತೆರೆ, ದೂರದರ್ಶನಗಳಲ್ಲಿ ಪೋಷಕ ಪಾತ್ರಗಳನ್ನು ಆಡುತ್ತ ಬಂದವರು. ಬಾಳೆಲ್ಲ ಬದಿಯಲ್ಲಿ ನಿಂತ ಇಬ್ಬರು ಹಿರಿಯ ನಟಿಯರಿಗೆ ನಡುಜಾಗ ಬಿಟ್ಟುಕೊಟ್ಟ ಚಿತ್ರ ಅದು. ಆ ತರುಣನ ಬಗ್ಗೆ ನನಗೆ ಗೌರವ ಮೂಡುವುದು ಇದೊಂದೇ ಕಾರಣಕ್ಕೆ.

ಇಂಥ ಪಾತ್ರದಲ್ಲಿ ನಟಿಯೊಬ್ಬಳು ಎಡವುವುದು ಸುಲಭ. ಕರುಣೆ ಬೇಡುವುದಕ್ಕೂ ನಗಿಸುವುದಕ್ಕೂ ಅಲ್ಲಿ ದಾರಿ ತೆರೆದಿದೆ. ಡೋರಾ ಆ ಎರಡು ದಾರಿಗಳನ್ನೂ ತುಳಿಯುವುದಿಲ್ಲ. ಪಾಲೀನ್ ಹೂಗಿಡಕ್ಕೆ ನೀರು ಹಾಕುವಾಗ ಹೂವಿಗೆ ನೀರು ಹಾಕುತ್ತಾಳೆ, ಅಷ್ಟೇ. ನೋಡುವವರಿದ್ದಾರೆಂಬ ಎಚ್ಚರ ಆ ಮುಖದಲ್ಲಿಲ್ಲ. ಮಾತು ಬಹಳ ಕಡಮೆ. ಮುರುಕು ಮಾತು, ಮತ್ತೆ ಮತ್ತೆ ಅದೇ ಮಾತು. ಶಿಷ್ಟಭಾಷೆಯೋ ಆಡುಭಾಷೆಯೋ ಎಂಬ ಹಳೆಯ ಇಕ್ಕಟ್ಟು ಇಲ್ಲಿ ತಾನಾಗಿ ಕರಗಿದೆ. ಒಂದು ಭಾಷೆಯನ್ನು ಐವತ್ತು ವರ್ಷ ಶ್ರದ್ಧೆಯಿಂದ ಆಡಿದ ನಟಿ, ಕೊನೆಗೆ ಅದರ ನಾಲ್ಕಾರು ಪದಗಳಲ್ಲಿಯೇ ಒಂದು ಜೀವವನ್ನು ನಿಲ್ಲಿಸಿದರು. ಪಾಲೀನ್ ಕೆಲಕಾಲ ಬ್ರಸಲ್ಸಿನ ಸೆಸಿಲ್‌ಳ ಮನೆಗೆ ಹೋಗುತ್ತಾಳೆ. ಸೆಸಿಲ್‌ಳ ಸಂಗಾತಿಯದು ಫ್ರೆಂಚ್. ತನ್ನ ಭಾಷೆಯನ್ನೇ ತೊದಲುವ ಆ ಮುಗ್ಧೆ, ತನಗೆ ತಿಳಿಯದ ಭಾಷೆಯ ಮನೆಯಲ್ಲಿ ಕುಳಿತಿದ್ದಾಳೆ. ನಿರ್ದೇಶಕರು ಅಲ್ಲಿ ಭಾಷಣ ಮಾಡಿಲ್ಲ. ಆದರೆ ಬೆಲ್ಜಿಯಂನ ಭಾಷಾಚರಿತ್ರೆಯನ್ನು ಸ್ವಲ್ಪ ಬಲ್ಲವನಿಗೆ ಆ ದೃಶ್ಯ ಸುಮ್ಮನೆ ಹಾದುಹೋಗದು.

ಚಿತ್ರ ೨೦೦೧ರಲ್ಲಿ ಕಾನ್‌ನಲ್ಲಿಯೇ, ಅಲ್ಲಿ ‘ನಿರ್ದೇಶಕರ ಪಕ್ಷ’ವೆಂದು ನಡೆಸುವ ವಿಭಾಗದಲ್ಲಿ ತೋರಿತು. ಬಂದರಿನ ವೇಶ್ಯೆಯ ಮುಖ ಅದೇ ಊರಿನ ತೆರೆಯ ಮೇಲೆ ಮೂಡಿ ನಲವತ್ತೈದು ವರ್ಷಗಳಾಗಿದ್ದವು. ಆನ್ ಪೀಟರ್ಸನ್ ೨೦೦೩ರಲ್ಲಿ ತೀರಿಕೊಂಡರು. ಡೋರಾ ಇನ್ನೂ ಹನ್ನೆರಡು ವರ್ಷ ಬದುಕಿದ್ದರು.

ನಲವತ್ತೈದು ವರ್ಷ ಕಾಯಿಸಿ ಕೊಟ್ಟ ಮನ್ನಣೆಯನ್ನು ಕಂಡು ಸಂತೋಷಪಡಬೇಕೋ, ಕಾಯಿಸಿದ್ದಕ್ಕೆ ವ್ಯಥೆಪಡಬೇಕೋ? ನನಗೆ ಎರಡೂ ಉಂಟಾಗುತ್ತವೆ. ನಡುವಯಸ್ಸಿನಲ್ಲಿ, ಶಕ್ತಿ ಉಕ್ಕುತ್ತಿದ್ದಾಗ, ಆಕೆಯ ಭಾಷೆಯಲ್ಲಿ ವರ್ಷಕ್ಕೆ ಹತ್ತು ಗಂಭೀರ ಚಿತ್ರಗಳು ಬರುವಂತಿದ್ದರೆ ಏನೇನು ಪಾತ್ರಗಳು ಹುಟ್ಟುತ್ತಿದ್ದವೋ! ಆ ನಷ್ಟ ಆಕೆಯೊಬ್ಬಳದಲ್ಲ. ಒಂದು ಭಾಷೆ ತನ್ನ ನಟಿಯ ಕಂಠದಲ್ಲಿ ಕೇಳಿಸಿಕೊಳ್ಳಬೇಕಾಗಿದ್ದ ಎಷ್ಟೋ ಮಾತುಗಳ ನಷ್ಟ. ಅಂಥ ನಷ್ಟವನ್ನು ಲೆಕ್ಕ ಹಾಕುವ ಪುಸ್ತಕ ಯಾವ ನಾಡಿನಲ್ಲೂ ಇಲ್ಲ.

ಮೊದಲು ಎತ್ತಿದ ಪದಕ್ಕೆ ಮರಳುತ್ತೇನೆ. ಬಾಳಿನುದ್ದಕ್ಕೂ ಪೋಷಕ ನಟಿಯೆನಿಸಿಕೊಂಡು ಕತೆಗಳನ್ನು, ನಾಯಕರನ್ನು, ಶಿಷ್ಯರನ್ನು ಪೋಷಿಸಿದ ಒಬ್ಬಾಕೆಗೆ, ಕಡೆಯಲ್ಲಿ ದೊರೆತ ಹಿರಿಯ ಪಾತ್ರ ಯಾವುದು? ಪೋಷಣೆ ಬೇಡುವ ಒಂದು ಜೀವದ ಪಾತ್ರ. ‘ಇವಳನ್ನು ನೋಡಿಕೊಳ್ಳುವವರು ಯಾರು?’ ಎಂಬುದೇ ಆ ಚಿತ್ರದ ಪ್ರಶ್ನೆ. ಆ ಪ್ರಶ್ನೆ ಪಾಲೀನ್‌ಳನ್ನು ಕುರಿತದ್ದು. ಪಾತ್ರವಹಿಸಿದಾಕೆಯನ್ನು ಕುರಿತೂ, ಆಕೆಯ ಭಾಷೆಯನ್ನು ಕುರಿತೂ ಅದನ್ನು ಕೇಳಬಹುದೆಂದು ನನಗೆ ತೋರುತ್ತದೆ.

ನಾನು ಆ ಚಿತ್ರವನ್ನು ಅಡಿಬರಹ ಓದಿಕೊಂಡು ನೋಡಿದವನು. ಹಿಂದೆ ಫ್ಲೆಮಿಷ್ ಪ್ರೇಕ್ಷಕರು ಹೊರನಾಡಿನ ಚಿತ್ರಗಳನ್ನು ನೋಡುತ್ತಿದ್ದುದೂ ಹೀಗೆಯೇ. ಅರ್ಧದವರೆಗೆ ಬಂದಾಗ ಓದುವುದನ್ನು ಬಿಟ್ಟುಬಿಟ್ಟಿದ್ದೆ. ಹೂವನ್ನು ನೋಡಿ ಪಾಲೀನ್ ಏನೋ ಅಂದಳು. ಆ ಪದ ನನಗೆ ಬಾರದು. ಆದರೆ ಆಕೆ ಅಂದದ್ದು ನನಗೆ ಕೇಳಿಸಿತು.